ದಾನಮ್ಮ ವೈನಿ ಬಾಯಿ ಬಂದಾದದ್ದು

ಬನಹಟ್ಟ್ಯಾಗ ದಾನಮ್ಮ ವೈನಿ ಬಾಯಿ ತಗದಳಂದ್ರ ಅಲ್ಲಿ ಮುಧೋಳದಾಗ ನಾಯಿ ಬೊಗಳೂದು ಬಿಟ್ಟು ಹಲ್ಲು ಕಿಸೀತಿದ್ವು. ಸುಳ್ಳಂದ್ರ ಹೋಗಿ ನಾಯೀನ್ನ ಕೇಳ್ರಿ. ನಾಕು ಪಾವರ್‌ಲೂಮ್ ಮಗ್ಗ ಖಟಾಖಟ್ ಹೊಡಕೋತಿದ್ರೂ ಆಕಿ ಜೋಕು ರಬಕವಿ ಮುಟ್ಟತಿತ್ತು. ಮತ್ತ ಮಗ್ಗದ ಮಂದಿಗಿ ಕಿವಿ ಯಾಕ ಬೇಕ್ರಿ? ತುಟಿ ನೋಡೇ ಮಾತು ತಿಳಕೋತಾರ.

ಆಕಿ ಮೈದುನ ನವೀನ. ಅವ್ವ ಸತ್ತ ಮ್ಯಾಲ ಅವನ್ನ ಬೆಳೆಸಿದಾಕಿ ವೈನೀನ. ಆಕಿ ಮಾತು ಕೇಳಿ ಕೇಳಿ ನಗಸೂದು ಕಲತ, ಬೆಂಗಳೂರಾಗ ಟೀವಿ ಕಾಮಿಡಿ ಷೋಕ್ಕ ಬರಿಯಾಂವ ಆದ. ಹನ್ನೆರಡು ವರ್ಸ ನಟರು ಚಪ್ಪಾಳಿ ಹೊಡಸಿಕೊಂಡ್ರು, ಇಂವ ಪರದೆ ಹಿಂದ ನಿಂತು ಆರಿದ ಚಾ ಕುಡದ. ಷೋ ಮುಗಿಯೂ ಮುಂದ ಟೀವಿ ಮ್ಯಾಲ ಇವನ ಹೆಸರು ಕಡೀಕ ಸೊಳ್ಳಿ ಹಾರಿಧಂಗ ಹಾರಿ ಹೋಗತಿತ್ತು.

ಹೋದ ತಿಂಗಳ ಜೋಕು ಖಾಲಿ ಆದ್ವು. ನಾಳಿಗಿ ಷೂಟಿಂಗ್. ಆವಾಗ ವೈನಿ ಒಮ್ಮೆ ಅವನ ಮುಂದ ಅಷ್ಟ ಅಂದಿದ್ದ ಮಾತು ನೆನಪಾತು: "ನನ್ನ ಹೊಟ್ಟೀಲೆ ಹುಟ್ಟಿದ್ದು ಈ ನಾಕು ಮಗ್ಗ ನೋಡಪಾ. ಕರೆಂಟ್ ಇರೂತನಾ ಅಳತಾವ, ಹೋತಂದ್ರ ಮಲಗತಾವ."

ಮಕ್ಕಳಿಲ್ಲದಾಕಿ. ಅಂದು ನಕ್ಕಿದ್ದಳು, ಆಮ್ಯಾಲ ಸೆರಗಿಲೆ ಮಾರಿ ಒರಸಿಕೊಂಡಿದ್ದಳು. ನವೀನ ನಗಿ ಅಷ್ಟ ಬರಕೊಂಡ. ಷೋದಾಗ ಸೀರಿ ಉಟ್ಟ ಗಂಡಸೊಬ್ಬ ಆಕೀನಂಗ ಕೈ ತಿರುವಿ, ಆಕೀನಂಗ ಒದರಿ ಅದನ್ನ ಅಂದ. ಜಡ್ಜು ಕುರ್ಚಿಯಿಂದ ಬಿದ್ದು ನಕ್ರು.

ಬನಹಟ್ಟ್ಯಾಗೂ ನಕ್ರು. ತೇರದಾಳ ಬಸ್ಸಿನ್ಯಾಗ ಯಾಂವನೋ ಕೇಳೇಬಿಟ್ಟ, "ಏನವಾ, ಕೂಸು ಮಲಗ್ಯಾವೇನ?"

ಅವತ್ತಿಂದ ವೈನಿ ಮಾತು ಬಂದ್. ಆಕಿ ಗಂಡ, ನವೀನನ ಅಣ್ಣ ಮಲಕಾಜಪ್ಪ ಫೋನ್ ಮಾಡಿದ. ನವೀನ ಓಡಿ ಬಂದ. ಕರೆಂಟ್ ಇರಲಿಲ್ಲ.

"ವೈನೀ, ತಪ್ಪಾತು. ಬೈರಿ. ಚಪ್ಪಲ್ ತಗೊಂಡು ಹೊಡೀರಿ. ಸುಮ್ಮ ಮಾತ್ರ ಇರಬ್ಯಾಡ್ರಿ."

ಆಕಿ ಚಾ ತಂದಿಟ್ಟಳು. ಕಪ್ಪು ಬಸಿ ಸೈತ ಸಪ್ಪಳ ಮಾಡಲಿಲ್ಲ.

ಕರೆಂಟ್ ಬಂತು. ನಾಕೂ ಮಗ್ಗ ಶುರು ಆದ್ವು. ಆವಾಗ ನೋಡ್ರಿ, ವೈನಿ ಬಾಯಿ ತಗದಳು! ನವೀನನ ಕಡೆ ತಿರುಗಿ, ಕೈ ಮಾಡಿ, ಆದ್ರ ದನಿ ತಗೀದ, ಬರೇ ತುಟೀಲೆ ಮಾತಾಡಾಕತ್ತಳು. ಅಲ್ಲೇ ನೂಲಿನ ಕಂಡಿಕಿ ಸುತ್ತಾಕತ್ತಿದ್ದ ಮಗ್ಗದ ಕೆಲಸದ ಮುದುಕಿ ತಾಯವ್ವ ಆ ತುಟಿ ನೋಡಿ ಮೊದಲ ನಕ್ಕಳು. ಆಮ್ಯಾಲ ಕಣ್ಣಾಗ ನೀರು ತಗದಳು.

ನವೀನನೂ ನೋಡಿದ. ನೋಡೇ ನೋಡಿದ. ಒಂದು ಮಾತೂ ತಿಳೀಲಿಲ್ಲ. ಸಣ್ಣಾಂವ ಇದ್ದಾಗ ಈ ತುಟಿ ನೋಡೇ ಬೈಗಳ ಯಾವುದು, ಊಟಕ್ಕ ಕರಿಯೂದು ಯಾವುದು ಅಂತ ತಿಳಕೋತಿದ್ದ. ಹನ್ನೆರಡು ವರ್ಸ ಮೈಕಿನ್ಯಾಗ ಕೇಳಿ ಕೇಳಿ ಕಣ್ಣು ತುಟಿ ಓದೂದು ಮರತಿದ್ವು.

"ತಾಯವ್ವಾ, ಏನಂದಳ ವೈನಿ?" ಅಂತ ಮುದುಕಿ ಕಿವ್ಯಾಗ ಒದರಿದ.

"ಯಾಕ್ಲೇ? ಮುಂದಿನ ವಾರದ ಟೀವಿಗಿ ಬೇಕೇನ?" ಅಂತ ತಾಯವ್ವ ಅವನ ಕಿವ್ಯಾಗ ಒದರಿದಳು.

ಕಿಸೆದಾಗ ಫೋನ್ ನಡುಗಿತು. ಪ್ರೊಡ್ಯೂಸರ್ ಬರದಿದ್ದ: "ನವೀನ್, ಮಗ್ಗದ ಆಂಟಿ ಸೂಪರ್ ಹಿಟ್! ಶುಕ್ರವಾರದೊಳಗೆ ಇನ್ನೂ ಮೂರು ಎಪಿಸೋಡ್ ಬೇಕು."

ತಲಿ ಎತ್ತೂದ್ರಾಗ ಕರೆಂಟ್ ಹೋತು. ಮಗ್ಗ ನಿಂತ್ವು. ವೈನಿ ತುಟೀನೂ ನಿಂತ್ವು. ಆಕಿ ಖಾಲಿ ಕಪ್ಪು ಎತ್ತಿಕೊಂಡು ಒಳಗ ಹೋದಳು.

ನವೀನ ಮಗ್ಗದ ಬಾಜೂಕ ಕುಂತ. ಕರೆಂಟ್ ಬಂದ್ರೂ ಆಕಿ ಮಾತು ತನಗ ತಿಳಿಯಂಗಿಲ್ಲ ಅಂತ ಗೊತ್ತಿತ್ತು. ಆದ್ರೂ ಕರೆಂಟ್ ಬರೂದನ್ನ ಕಾಯಕೋತ ಕುಂತ.