ಇಪ್ಪತ್ತೈದು ನಿಮಿಷದ ತವರು

ಮಾನ್ಯ ವಾಚಕ ಮಹಾಶಯರೇ,

ಪರಿಚಯವಿಲ್ಲದ ಒಂದು ಮರದ ತುಂಡು ತನ್ನ ಜೀವನವೃತ್ತಾಂತವನ್ನು ಹಿಡಿದು ತಮ್ಮ ಅಮೂಲ್ಯವಾದ ಬಿಡುವಿನ ವೇಳೆಯನ್ನು ಆಕ್ರಮಿಸುವುದು ಅನುಚಿತವೆಂದು ನಾನು ಬಲ್ಲೆ. ಆದರೂ ಸಾವಿರಾರು ಪಾದಗಳನ್ನು ಮೌನದಿಂದ ಹೊತ್ತ ಜೀವಕ್ಕೆ ಒಮ್ಮೆ ಬಾಯಿ ತೆರೆಯುವ ಅಧಿಕಾರ ಉಂಟೆಂದು ಭಾವಿಸಿ, ತಮ್ಮ ಕ್ಷಮೆಯನ್ನು ಮೊದಲೇ ಬೇಡಿ ಆರಂಭಿಸುತ್ತೇನೆ.

ನಾನು ಒಂದು ಕಾಲುಮಣೆ. ಮಂಗಳೂರಿನ ಬಂದರಿಗೆ ಬರುವ ಪ್ರವಾಸಿ ಹಡಗುಗಳಿಂದ ಇಳಿದವರನ್ನು ಅರ್ಧ ದಿನ ಹಳ್ಳಿ ತೋರಿಸಲು ಕರೆದೊಯ್ಯುವ ಬಸ್ಸೊಂದರ ಬಾಗಿಲ ಕೆಳಗೆ ನನ್ನ ಉದ್ಯೋಗ. ನನ್ನ ಭಾಷೆ ಬಿಗಿಯಾಗಿದೆಯೆಂದು ತಾವು ಬೇಸರಿಸಬಾರದು. ಬಸ್ಸಿನ ಸಹಾಯಕ ಜಿನ್ನಪ್ಪ ಐವತ್ತು ದಾಟಿದ ಮನುಷ್ಯ; ಪ್ರವಾಸಿಗರು ಹಿಂದಿರುಗುವ ತನಕ ನನ್ನ ಮೇಲೆ ಕುಳಿತು ಹಳೆಯ ಪತ್ತೇದಾರಿ ಕಾದಂಬರಿಗಳನ್ನು ಗಟ್ಟಿಯಾಗಿ ಓದುವುದು ಅವನ ಅಭ್ಯಾಸ. ನನಗೆ ದೊರೆತ ವಿದ್ಯಾಭ್ಯಾಸ ಅಷ್ಟೇ.

ನಾನು ಹುಟ್ಟಿದ್ದು ಬಂದರಿನಿಂದ ಒಂದು ಗಂಟೆಯ ದಾರಿಯಲ್ಲಿರುವ ಪಾದೆಮಾರು ಎಂಬ ಹಳ್ಳಿಯಲ್ಲಿ. ಅಲ್ಲಿ ಕಲ್ಯಾಣಿಯಕ್ಕ ಎಂಬ ಹೆಂಗಸು ತನ್ನ ಸೊಸೆ ಸುಗಂಧಿಯೊಡನೆ ಬೀಡಿ ಕಟ್ಟಿ ಬದುಕುತ್ತಿದ್ದಳು. ಒಂದು ದಿನ ತೆಂಗಿನ ಮಡಲು ಎಳೆಯುವಾಗ ಅಂಗಳದ ಪಾಚಿಯಲ್ಲಿ ಜಾರಿ ಬಿದ್ದು ಸೊಂಟ ಮುರಿದುಕೊಂಡಳು. ಮೂರು ತಿಂಗಳು ಮಲಗಿ ಎದ್ದ ಮೇಲೆ ಅವಳಿಗೆ ಸ್ವಂತ ಮನೆಯ ಜಗಲಿಯೇ ಬೆಟ್ಟವಾಯಿತು. ಜಗಲಿ ಮೊಣಕಾಲಿಗಿಂತ ನಾಲ್ಕು ಬೆರಳು ಎತ್ತರ; ಮೆಟ್ಟಿಲ ಕಲ್ಲು ಯಾವ ಕಾಲದಲ್ಲೋ ನೆಲಕ್ಕೆ ಇಳಿದುಹೋಗಿತ್ತು.

ನೆರೆಮನೆಯ ವಾಮನ ಆಚಾರಿ ಬಾಗಿಲ ದಾರಂದ ಮಾಡಿ ಉಳಿದ ಹಲಸಿನ ತುಂಡನ್ನು ತಂದ. ಕಲ್ಯಾಣಿಯಕ್ಕನನ್ನು ಗೋಡೆ ಹಿಡಿದು ನಿಲ್ಲಿಸಿ, ನೋವಿಲ್ಲದೆ ಎಷ್ಟಾಗುತ್ತದೋ ಅಷ್ಟೇ ಕಾಲೆತ್ತಲು ಹೇಳಿ, ಆ ಎತ್ತರಕ್ಕೆ ಒಂದು ಕೋಲಿನಲ್ಲಿ ಗೀಟು ಹಾಕಿಕೊಂಡ. ಆ ಗೀಟಿನ ಅಳತೆಗೆ ನನ್ನನ್ನು ಮಾಡಿದ. ಆದ್ದರಿಂದ ನನ್ನ ಎತ್ತರವೆಂಬುದು ನನ್ನದಲ್ಲ, ಅವಳ ನೋವು ಎಲ್ಲಿ ಆರಂಭವಾಗುತ್ತದೋ ಅದಕ್ಕಿಂತ ಕೂದಲೆಳೆಯಷ್ಟು ಕೆಳಗಿನದು. ಬೇರೆ ಯಾವ ಮಣೆಯಾದರೂ ಇಂಥ ಜನ್ಮಪತ್ರಿಕೆಯನ್ನು ತೋರಿಸಲಿ.

ಎರಡು ವರ್ಷ ನಾನು ಅವಳ ಬಲಗಾಲನ್ನು ಹೊತ್ತೆ. ಬೆಳಿಗ್ಗೆ ಅವಳ ಪಾದದಲ್ಲಿ ಬಾವಿಕಟ್ಟೆಯ ತಂಪು ಇರುತ್ತಿತ್ತು, ಮಧ್ಯಾಹ್ನ ಅಂಗಳದ ಬಿಸಿ. ನನಗೆ ಅದಕ್ಕಿಂತ ಹೆಚ್ಚಿನದೇನೂ ಬೇಕಾಗಿರಲಿಲ್ಲ.

ಆಮೇಲೆ ಉಮಾನಾಥ ಬಂದ. ಪ್ರವಾಸದ ಕಂಪೆನಿಯೊಂದರ ಗೈಡ್ ಅವನು. ಶುದ್ಧವಾಗಿ ಇಂಗ್ಲಿಷ್ ಮಾತನಾಡುವವನು, ಇಸ್ತ್ರಿ ಮಾಡಿದ ಜುಬ್ಬಾ ತೊಡುವವನು. ಬೆಳಿಗ್ಗೆ ಎಂಟಕ್ಕೆ ಬಂದರು, ಆಮೇಲೆ ಒಂದು ಹಳೆಯ ಬಸದಿ, ಆಮೇಲೆ ಇಪ್ಪತ್ತೈದು ನಿಮಿಷ ಒಂದು ಹಳ್ಳಿಮನೆ, ಆಮೇಲೆ ಗೇರುಬೀಜದ ಅಂಗಡಿ, ಒಂದೂವರೆಗೆ ಹಡಗಿನಲ್ಲಿ ಊಟ. ಇದು ಅವನ ಪ್ರವಾಸದ ಕ್ರಮ. ಅದಕ್ಕೊಂದು ನಿಜವಾದ ಹಳ್ಳಿಮನೆ ಬೇಕಾಗಿತ್ತು. ಕಲ್ಯಾಣಿಯಕ್ಕನ ಮಣ್ಣಿನ ಗೋಡೆಯನ್ನೂ ನಾಡಹೆಂಚನ್ನೂ ಕಂಡು ಅವನು ಕಣ್ಣರಳಿಸಿದ. ಬಂದವರ ಮುಂದೆ ಕುಳಿತರೆ ಸಾಕು, ಬೀಡಿಯ ಮಜೂರಿಗಿಂತ ಹೆಚ್ಚು ಕೈಸೇರುತ್ತದೆ ಎಂದ. ಮನೆಗೆ ಜನ ಬರುವುದೆಂದರೆ ಕಲ್ಯಾಣಿಯಕ್ಕನಿಗೂ ಇಷ್ಟವೇ. ಒಪ್ಪಿದಳು.

ಒಪ್ಪಿದ ಮರುದಿನದಿಂದ ಉಮಾನಾಥ ಆ ನಿಜವಾದ ಮನೆಯನ್ನು ಇನ್ನಷ್ಟು ನಿಜ ಮಾಡತೊಡಗಿದ. ಮಾಡಿನ ಮೇಲಿದ್ದ ಟಿವಿಯ ಡಿಶ್ ಬುಟ್ಟಿ ಇಳಿಯಿತು. ಪ್ಲಾಸ್ಟಿಕ್ ಕುರ್ಚಿಗಳು ಕೊಟ್ಟಿಗೆ ಸೇರಿದವು. ಎಂದೂ ಗಾಡಿಯನ್ನೇ ಕಾಣದ ಆ ಮನೆಯ ಗೋಡೆಗೆ ಪೇಟೆಯಿಂದ ತಂದ ಗಾಡಿಯ ಚಕ್ರವೊಂದು ಒರಗಿ ನಿಂತಿತು. ನಲವತ್ತು ವರ್ಷ ಕಲ್ಯಾಣಿಯಕ್ಕನ ತೊಡೆಯ ಮೇಲಿದ್ದ ಬೀಡಿಯ ಮೊರ ಮಂಚದಡಿಗೆ ಹೋಯಿತು. ಹೊಗೆಸೊಪ್ಪು ಪ್ರವಾಸಿಗರಿಗೆ ಹಿಡಿಸುವುದಿಲ್ಲವಂತೆ. ಬದಲಿಗೆ ಅವಳು ಇಪ್ಪತ್ತು ವರ್ಷದಿಂದ ಮುಟ್ಟದ ಅರೆಯುವ ಕಲ್ಲಿನ ಮುಂದೆ ಕುಳಿತು ಅಕ್ಕಿ ಅರೆಯಬೇಕಾಗಿತ್ತು. ಅದನ್ನು ಅವಳ ಜೀವನ ಎಂದು ಉಮಾನಾಥ ಮೈಕಿನಲ್ಲಿ ಪರಿಚಯಿಸಿದ.

ಮೊದಲನೆಯ ದಿನವೇ ನನ್ನ ಗ್ರಹಚಾರ ಕೆಟ್ಟಿತು. ಕೋಲೂರಿದ ಒಬ್ಬ ದಪ್ಪನೆಯ ವಿದೇಶಿ ಅಜ್ಜಿ ಬಸ್ಸಿನ ಕೊನೆಯ ಮೆಟ್ಟಿಲಲ್ಲಿ ನಿಂತು ಇಳಿಯಲಾರದೆ ಬೆವರಿದಳು. ಜಿನ್ನಪ್ಪ ಸುತ್ತ ನೋಡಿ, ಜಗಲಿಯ ಬಳಿಯಿದ್ದ ನನ್ನನ್ನು ಎತ್ತಿ ತಂದು ಬಾಗಿಲ ಕೆಳಗಿಟ್ಟ. ಅವಳು ಇಳಿದಳು. ಹತ್ತುವಾಗಲೂ ನಾನು ಬೇಕಾಯಿತು. ಮುಂದಿನ ನಿಲ್ದಾಣದಲ್ಲೂ ಬೇಕಾಗುತ್ತದೆ, ಬರುವ ವಾರ ತಂದುಕೊಡುತ್ತೇವೆ ಎಂದು ಉಮಾನಾಥ ಹೇಳಿದ. ಪಾಪ ಕೊಂಡುಹೋಗಿ ಎಂದು ಕಲ್ಯಾಣಿಯಕ್ಕನೇ ಒಪ್ಪಿಗೆ ಕೊಟ್ಟಳು.

ಬರುವ ವಾರ ನಾನು ಬಂದದ್ದು ನಿಜ. ಆದರೆ ಬಸ್ಸಿನ ಬಾಗಿಲ ಕೆಳಗೆ. ನನಗೆ ಹಳದಿ ಬಣ್ಣ ಬಳಿದು, ನೆತ್ತಿಗೆ ರಬ್ಬರು ಹೊಡೆದು, ಹೆಜ್ಜೆ ನೋಡಿ ಇಡಿ ಎಂದು ಇಂಗ್ಲಿಷಿನಲ್ಲಿ ಬರೆಸಲಾಗಿತ್ತು. ಜಗಲಿ ಇಪ್ಪತ್ತು ಮಾರು ದೂರದಲ್ಲಿ ಕಾಣುತ್ತಿತ್ತು. ಇಪ್ಪತ್ತೈದು ನಿಮಿಷ ಕಳೆದೊಡನೆ ನನ್ನನ್ನು ಎತ್ತಿ ಜಾಕಿಯ ಪಕ್ಕದಲ್ಲಿ ಮಲಗಿಸಿದರು. ಅಕ್ಟೋಬರಿನಿಂದ ಮೇ ತಿಂಗಳ ತನಕ ಹಡಗುಗಳ ಕಾಲ. ಅಂಥ ಮೂರು ಕಾಲ ನಾನು ಹೀಗೆ ಹುಟ್ಟಿದ ಅಂಗಳಕ್ಕೆ ಪ್ರವಾಸಿಯಾಗಿ ಬಂದು, ಹೊತ್ತಿಗೆ ಸರಿಯಾಗಿ ಹಿಂದಿರುಗಿದೆ. ಕಲ್ಯಾಣಿಯಕ್ಕ ಎರಡು ಮೂರು ಸಲ ಕೇಳಿದಳು. ಬೇರೆ ಮಾಡಿಸುತ್ತೇವೆ ಎಂಬ ಉತ್ತರ ಬಂತು. ವಾಮನ ಆಚಾರಿ ಅಷ್ಟರಲ್ಲಿ ಮಗಳ ಊರಿಗೆ ಹೋಗಿ ನೆಲೆಸಿದ್ದ.

ಸುಗಂಧಿ ಜಗಲಿಯ ಕೆಳಗೆ ಎರಡು ಸಿಮೆಂಟಿನ ಬ್ಲಾಕುಗಳನ್ನು ಒಂದರ ಮೇಲೊಂದು ಇಟ್ಟಳು. ಅವು ಅಲುಗಾಡುತ್ತಿದ್ದವು, ಆದರೂ ಅತ್ತೆಗೆ ಆಸರೆ. ಫೋಟೋದಲ್ಲಿ ಅವು ಕೆಟ್ಟದಾಗಿ ಕಾಣುತ್ತವೆಂದು ಉಮಾನಾಥ ಬಸ್ಸು ಬರುವ ದಿನ ಅವನ್ನು ಹಿತ್ತಿಲಿಗೆ ಹಾಕಿಸುತ್ತಿದ್ದ. ಅಂಥ ದಿನ ಕಲ್ಯಾಣಿಯಕ್ಕ ಬೆಳಿಗ್ಗೆಯೇ ಜಗಲಿ ಹತ್ತಿ ಕುಳಿತು, ಬಸ್ಸು ಹೋಗುವ ತನಕ ಇಳಿಯುತ್ತಿರಲಿಲ್ಲ. ಕಬ್ಬಿಣದ ಹಿಡಿಯಿರುವ ಗಟ್ಟಿ ಮೆಟ್ಟಿಲು ಕಟ್ಟಿಸಬೇಕೆಂದು ಅತ್ತೆ ಸೊಸೆ ಇಬ್ಬರಿಗೂ ಆಸೆ. ಉಮಾನಾಥ ಕೈಮುಗಿದು ಬೇಡಿಕೊಂಡ.

“ಈಗ ಬೇಡ ಅಕ್ಕ. ಸಿಮೆಂಟು ಕಂಡರೆ ಇದು ಹಳ್ಳಿಮನೆ ಅಂತ ಹೇಳ್ಲಿಕ್ಕೆ ನನಗೆ ಬಾಯಿ ಬರುದಿಲ್ಲ. ಈ ಸೀಸನ್ ಒಂದು ಮುಗಿಯಲಿ.”

ಸೀಸನ್ ಮುಗಿಯಿತು. ಮಳೆಗಾಲದಲ್ಲಿ ಅವನು ಫೋನು ಮಾಡಿ ಮುಂದಿನ ಸೀಸನ್ ಮುಗಿಯಲಿ ಎಂದ.

ಎರಡನೆಯ ವರ್ಷದ ಡಿಸೆಂಬರಿನ ಒಂದು ದಿನ ಬಸದಿಯಲ್ಲಿ ಯಾವುದೋ ಪೂಜೆಯ ಗದ್ದಲವಿದ್ದುದರಿಂದ ಬಸ್ಸು ಮುಕ್ಕಾಲು ಗಂಟೆ ಮೊದಲೇ ಪಾದೆಮಾರಿಗೆ ಬಂತು. ಕಲ್ಯಾಣಿಯಕ್ಕ ಇನ್ನೂ ಅಂಗಳದಲ್ಲಿದ್ದಳು. ಬಸ್ಸಿನ ಸದ್ದು ಕೇಳಿದ ಗಡಿಬಿಡಿಯಲ್ಲಿ ಸುಗಂಧಿ ಬ್ಲಾಕುಗಳನ್ನು ಹಿತ್ತಿಲಿಗೆ ಹಾಕಿಬಿಟ್ಟಿದ್ದಳು. ನನ್ನ ಮೇಲಿಂದ ನಲವತ್ತು ಜನ ಒಬ್ಬೊಬ್ಬರಾಗಿ ಇಳಿಯುತ್ತಿದ್ದರು. ಅವಳು ಗಾಬರಿಯಿಂದ ಜಗಲಿಯ ಕಡೆಗೆ ಹೋದಳು. ಎರಡು ಅಂಗೈಗಳನ್ನು ಅಂಚಿನ ಮೇಲೆ ಊರಿದಳು. ಹಣೆ ಜಗಲಿಗೆ ತಾಗುವಷ್ಟು ಬಾಗಿ, ಮೊದಲು ಒಂದು ಮಂಡಿಯನ್ನೂ ಆಮೇಲೆ ಇನ್ನೊಂದನ್ನೂ ಎಳೆದುಕೊಂಡು, ಕೂಸಿನಂತೆ ತೆವಳಿ ಮೇಲೆ ಹೋದಳು. ಕ್ಯಾಮೆರಾಗಳು ಒಟ್ಟಿಗೆ ಸದ್ದು ಮಾಡಿದವು.

ಇದೇನೆಂದು ಯಾರೋ ಕೇಳಿದರು. ಉಮಾನಾಥ ಒಂದು ಗಳಿಗೆ ಮಾತ್ರ ತಡವರಿಸಿದ. ಅನಂತರ ಮೈಕು ತುಟಿಗೆ ಹಿಡಿದು, ಈ ಸೀಮೆಯ ಹಿರಿಯರು ಮನೆಯನ್ನು ತಾಯಿಯೆಂದು ಬಗೆಯುತ್ತಾರೆ, ಹಣೆ ಮುಟ್ಟಿಸಿ ಮಂಡಿಯೂರಿ ನಮಸ್ಕರಿಸದೆ ಒಳಗೆ ಕಾಲಿಡುವುದಿಲ್ಲ, ಇದು ಎಷ್ಟೋ ತಲೆಮಾರಿನ ಪದ್ಧತಿ ಎಂದು ಇಂಗ್ಲಿಷಿನಲ್ಲಿ ವಿವರಿಸಿದ. ಒಬ್ಬಳು ಕಣ್ಣೊರೆಸಿಕೊಂಡಳು. ಇಬ್ಬರು ಮುದುಕರು ಅಂಗಳದಲ್ಲಿ ಮಂಡಿಯೂರಿ ಜಗಲಿಯ ಮೇಲೆ ಅಂಗೈ ಇಟ್ಟರು. ಕಲ್ಯಾಣಿಯಕ್ಕ ಸೊಸೆಯ ಕಡೆಗೆ ಬಗ್ಗಿ, “ಇವರು ಎಂತ, ಸೆಗಣಿ ಸಾರಿಸಿದ್ದು ಒಣಗಿದೆಯಾ ಅಂತ ನೋಡುದಾ?” ಎಂದು ಮೆಲ್ಲಗೆ ಕೇಳಿದಳು.

ಉಮಾನಾಥ ದುಷ್ಟನಲ್ಲ. ಕಥೆ ಚೆನ್ನಾಗಿ ಬಂತೆಂದರೆ ಅದು ನಿಜವೇ ಇರಬೇಕೆಂದು ನಂಬಿಬಿಡುವ ಸ್ವಭಾವದವನು. ಮುಂದಿನ ಬಾರಿ ಬಂದಾಗ, ಬಸ್ಸು ನಿಂತು ಎಲ್ಲರೂ ಇಳಿಯುವ ತನಕ ಅಂಗಳದಲ್ಲೇ ಇರಿ, ಆಮೇಲೆ ಮೊನ್ನೆಯ ಹಾಗೆಯೇ ಹತ್ತಿ, ಅವರಿಗೆ ಭಾರೀ ಖುಷಿಯಾಗಿದೆ ಎಂದು ಅವಳಿಗೆ ಹೇಳಿದ. ಅದರಲ್ಲಿ ಖುಷಿ ಎಂಥದ್ದೆಂದು ಅವಳು ಕೇಳಿದಳು. ಅವರ ದೇಶದಲ್ಲಿ ಹಿರಿಯರು ಮನೆಯಲ್ಲಿ ಇರುವುದಿಲ್ಲವಲ್ಲ ಎಂದ. ಅವಳಿಗೆ ಅವರ ಮೇಲೆ ಮರುಕ ಹುಟ್ಟಿತು, ಹತ್ತಿದಳು.

ಆಮೇಲೆ ಒಂದೂವರೆ ವರ್ಷ ಹಾಗೆಯೇ ಹತ್ತಿದಳು. ಎರಡು ಬಸ್ಸು ಬಂದ ದಿನ ಎರಡು ಸಲ. ಕಾಗದದ ಕಾರ್ಯಕ್ರಮಪಟ್ಟಿಯಲ್ಲಿ ಅದಕ್ಕೊಂದು ಸಾಲು ಬಂತು, ಸಾಲಿನ ಪಕ್ಕದಲ್ಲಿ ಅವಳ ಬಾಗಿದ ಬೆನ್ನಿನ ಚಿತ್ರ ಬಂತು. ಪ್ರತಿ ಬಾರಿಯೂ ಅವಳ ಬಾಯಿಂದ ಹೊರಡುತ್ತಿದ್ದ ನರಳಿಕೆಯನ್ನು ಜನ ಮಂತ್ರವೆಂದುಕೊಂಡರು. ಅವಳ ನೋವಿನ ಅಳತೆ ತಿಳಿದಿದ್ದ ವಸ್ತು ಆ ಅಂಗಳದಲ್ಲಿ ನಾನೊಂದೇ. ನಾನು ಇಪ್ಪತ್ತು ಮಾರು ದೂರದಲ್ಲಿ, ಗಟ್ಟಿಮುಟ್ಟಾದ ಕಾಲುಗಳ ಕೆಳಗೆ, ಹೆಜ್ಜೆ ನೋಡಿ ಇಡಿ ಎನ್ನುತ್ತ ಬಿದ್ದಿದ್ದೆ.

ಬಾಯಿಬಿಟ್ಟವನು ಜಿನ್ನಪ್ಪ. ಹನ್ನೊಂದು ವರ್ಷ ಗೈಡುಗಳ ಮಾತು ಕೇಳಿ ಕೇಳಿ ಅವನಿಗೆ ಇಂಗ್ಲಿಷ್ ಅರ್ಥವಾಗುತ್ತಿತ್ತು. ಒಂದು ದಿನ ಪ್ರವಾಸಿಗರು ಬಾವಿ ನೋಡಲು ಹಿತ್ತಿಲಿಗೆ ಹೋದಾಗ, ಅವನು ಕಾದಂಬರಿ ಮುಚ್ಚಿ, ನನ್ನ ಮೇಲಿಂದೆದ್ದು, ನೀರು ಕೇಳುವ ನೆವದಿಂದ ಜಗಲಿಗೆ ಹೋದ. ಉಮಾನಾಥ ಮೈಕಿನಲ್ಲಿ ಹೇಳುವುದನ್ನೆಲ್ಲ ಕಲ್ಯಾಣಿಯಕ್ಕನಿಗೆ ಮಾತಿಗೆ ಮಾತು ತಿಳಿಸಿದ. ಅವಳು ಅರೆಯುವುದನ್ನು ನಿಲ್ಲಿಸಿದಳು.

“ಕ್ರಮವಾ? ಯಾರ ಮನೆಯ ಕ್ರಮ?”

ಜಿನ್ನಪ್ಪ ತಲೆ ತಗ್ಗಿಸಿದ. ಅವಳು ಅರೆಯುವ ಕಲ್ಲಿನ ಕಡೆಗೆ ತಿರುಗಿದಳು. ಕೈಗೆ ಹತ್ತಿದ ಹಿಟ್ಟನ್ನು ಕಲ್ಲಿನ ಅಂಚಿಗೆ ಬಹಳ ಹೊತ್ತು ಒರೆಸುತ್ತಲೇ ಇದ್ದಳು.

ಹನ್ನೆರಡು ದಿನದ ನಂತರ ಇನ್ನೊಂದು ಹಡಗು ಬಂತು. ನಮ್ಮ ಬಸ್ಸು ಪಾದೆಮಾರಿನ ತಿರುವು ದಾಟಿ ನಿಂತಿತು, ನನ್ನನ್ನು ನೆಲಕ್ಕಿಟ್ಟರು, ನಾನು ಕಂಡೆ. ಜಗಲಿಗೆ ಮೂರು ಸಿಮೆಂಟಿನ ಮೆಟ್ಟಿಲು, ಮೇಲೆ ಕೆಂಪು ಬಣ್ಣ, ಪಕ್ಕದಲ್ಲಿ ಹೊಳೆಯುವ ಸ್ಟೀಲಿನ ಹಿಡಿ. ನಲವತ್ತು ಜನ ಕ್ಯಾಮೆರಾ ಹಿಡಿದು ಕಾದರು. ಕಲ್ಯಾಣಿಯಕ್ಕ ಹಿಡಿಯನ್ನು ಹಿಡಿದು, ಬೆನ್ನು ನೆಟ್ಟಗೆ ಇಟ್ಟುಕೊಂಡು, ಒಂದೊಂದೇ ಮೆಟ್ಟಿಲು ಹತ್ತಿ ಮೇಲೆ ಹೋದಳು. ಮಂಚದಡಿಯಿಂದ ಬೀಡಿಯ ಮೊರವನ್ನು ತಂದು ತೊಡೆಯ ಮೇಲಿಟ್ಟು ಎಲೆ ಕತ್ತರಿಸತೊಡಗಿದಳು. ಯಾರೂ ಫೋಟೋ ತೆಗೆಯಲಿಲ್ಲ.

ಉಮಾನಾಥ ಮೈಕನ್ನು ಆರಿಸಿ ಜಗಲಿಯ ಬಳಿಗೆ ಹೋದ.

“ಇದೆಂತ ಅಕ್ಕ ಮಾಡಿದ್ದು? ನನ್ನತ್ರ ಒಂದು ಮಾತು ಕೇಳ್ಬಾರ್ದಿತ್ತಾ?”

“ನೀನು ನನ್ನ ವಿಷಯ ಅವರತ್ರ ಹೇಳುವಾಗ ನನ್ನತ್ರ ಕೇಳಿದ್ದೀಯಾ?”

ಅವನು ಜಿನ್ನಪ್ಪನ ಕಡೆಗೊಮ್ಮೆ ನೋಡಿದ. ಕಲ್ಯಾಣಿಯಕ್ಕ ಕತ್ತರಿಯನ್ನು ಕೆಳಗಿಡದೆಯೇ ಮುಂದುವರಿಸಿದಳು.

“ಮನೆಗೆ ಕೈಮುಗಿಯುವ ಕ್ರಮ ನಮ್ಮಲ್ಲಿ ಉಂಟು. ನಾನು ನಿಂತೇ ಮುಗಿಯುತ್ತೇನೆ. ನೀನು ತೋರಿಸಿದ್ದು ಕ್ರಮ ಅಲ್ಲ ಉಮಾನಾಥ, ಅದು ನನ್ನ ಸೊಂಟ.”

ಆ ದಿನ ಬಸ್ಸು ಹದಿಮೂರು ನಿಮಿಷಕ್ಕೇ ಹೊರಟಿತು. ಗೇರುಬೀಜದ ಅಂಗಡಿಯಲ್ಲಿ ಜನರಿಗೆ ಹೆಚ್ಚು ಹೊತ್ತು ಸಿಕ್ಕಿತು, ಅವರೂ ಸಂತೋಷಪಟ್ಟರು. ಕಂಪೆನಿ ಪಾದೆಮಾರನ್ನು ಪಟ್ಟಿಯಿಂದ ತೆಗೆಯಿತು.

ಇಂದು ಬಸ್ಸು ಪ್ರವಾಸಿಗರಿಲ್ಲದೆ ಇಲ್ಲಿಗೆ ಬಂದಿದೆ, ಕಂಪೆನಿಯ ಸಾಮಾನುಗಳನ್ನು ಒಯ್ಯಲು. ಈ ವೃತ್ತಾಂತವನ್ನು ನಾನು ತಮಗೆ ನಿವೇದಿಸುತ್ತಿರುವುದು ಆ ಅಂಗಳದಿಂದಲೇ. ಗಾಡಿಯ ಚಕ್ರ ಮೇಲೆ ಹೋಯಿತು, ಹಿತ್ತಾಳೆಯ ಕೊಡಗಳು ಹೋದವು. ಗೋಡೆಯಲ್ಲಿ ಚಕ್ರದ ಗುರುತು ಮಾತ್ರ ಉಳಿದಿದೆ. ಸುಗಂಧಿ ಈ ತಿಂಗಳಿಂದ ದಿನಕ್ಕೆ ಇನ್ನೂ ಇನ್ನೂರು ಬೀಡಿ ಹೆಚ್ಚು ಕಟ್ಟುತ್ತಿದ್ದಾಳಂತೆ. ಬಸ್ಸಿನ ಕಡೆಗೆ ಅವಳು ತಲೆಯೆತ್ತಿ ನೋಡಲಿಲ್ಲ.

ಕೊನೆಗೆ ಜಿನ್ನಪ್ಪ, ಉಮಾನಾಥನನ್ನು ಕೇಳದೆಯೇ, ನನ್ನನ್ನು ಎತ್ತಿಕೊಂಡು ಜಗಲಿಯ ಮುಂದೆ ಹೋಗಿ ನಿಂತ. ಮೂರು ವರ್ಷ ನಾನು ಆ ಇಪ್ಪತ್ತು ಮಾರು ದಾರಿಯನ್ನು ಮನಸ್ಸಿನಲ್ಲೇ ಎಷ್ಟು ಬಾರಿ ನಡೆದಿದ್ದೆನೋ ಲೆಕ್ಕವಿಲ್ಲ.

“ಅಕ್ಕ, ಇದು ನಿಮ್ಮದೇ. ಇಲ್ಲೇ ಇಟ್ಟು ಹೋಗ್ತೇನೆ.”

ಕಲ್ಯಾಣಿಯಕ್ಕ ಮೆಟ್ಟಿಲಿಳಿದು ಬಂದು ನನ್ನನ್ನು ನೋಡಿದಳು. ಹಳದಿ ಬಣ್ಣವನ್ನು ಉಗುರಿನಿಂದ ಸ್ವಲ್ಪ ಕೆರೆದಳು. ಅಡಿಯಲ್ಲಿ ಹಲಸಿನ ಮರ ಕಂಡಿತು. ಅವಳಿಗೆ ನನ್ನ ಗುರುತು ಸಿಕ್ಕಿತು. ಆ ವಿಷಯದಲ್ಲಿ ನನಗೆ ಸಂಶಯವಿಲ್ಲ.

“ನನಗೆ ಇನ್ನು ಇದು ಎಂತಕ್ಕೆ ಜಿನ್ನಪ್ಪ, ಮೆಟ್ಟಿಲು ಉಂಟಲ್ಲ. ಕೊಂಡೋಗು. ಆ ಅಜ್ಜಿಯಂದಿರು ಇಳಿಯಬೇಡವಾ?”

ಹೇಳಿ, ಸ್ಟೀಲಿನ ಹಿಡಿ ಹಿಡಿದು ಹತ್ತಿ ಹೋದಳು. ನರಳಲಿಲ್ಲ. ಮೂರನೆಯ ಮೆಟ್ಟಿಲಲ್ಲಿ ನಿಂತು ಸೆರಗು ಸರಿಮಾಡಿಕೊಂಡಳು.

ಅವಳ ಮೇಲೆ ನನಗೆ ದೂರಿಲ್ಲ. ಅವಳಿಗೆ ಮೆಟ್ಟಿಲು ಸಿಗಲೆಂದು ಮೂರು ವರ್ಷ ಹಾರೈಸಿದವರಲ್ಲಿ ನಾನೂ ಒಬ್ಬ. ಆ ಹಾರೈಕೆ ಈಡೇರಿದ ದಿನ ನನ್ನ ಮನೆ ಹೋಗುತ್ತದೆಂಬುದು ಮಾತ್ರ ನನಗೆ ತೋಚಿರಲಿಲ್ಲ. ಕಾಲಿನ ಕೆಳಗಿರುವವರಿಗೆ ದೂರದೃಷ್ಟಿ ಕಡಿಮೆ, ಮಹಾಶಯರೇ.

ಜಿನ್ನಪ್ಪ ಗೋಣಿಚೀಲವನ್ನು ಕೊಡವುತ್ತಿದ್ದಾನೆ. ನನ್ನ ಸಾಮಾನು ಸರಂಜಾಮು ಎಂದರೆ ಆ ಚೀಲವೊಂದೇ. ಮಡಚುವುದಕ್ಕೂ ಕಟ್ಟುವುದಕ್ಕೂ ಹೆಚ್ಚು ಹೊತ್ತು ಹಿಡಿಯುವುದಿಲ್ಲ. ಘಟ್ಟದ ಬುಡದಲ್ಲಿ ಹೊಸ ಮನೆಯೊಂದು ಗೊತ್ತಾಗಿದೆಯಂತೆ, ಈಗ ಅಲ್ಲಿಗೇ ಪ್ರಯಾಣ. ಉಮಾನಾಥ ಮುಂದಿನ ಸೀಟಿನಲ್ಲಿ ಕುಳಿತು ಆ ಮನೆಯವರಿಗೆ ಫೋನು ಮಾಡಿದ್ದಾನೆ. ಜಗಲಿ ಎಷ್ಟು ಎತ್ತರವಿದೆ ಎಂದು ಕೇಳಿದ. ಮನೆಯಲ್ಲಿ ವಯಸ್ಸಾದವರು ಯಾರಾದರೂ ಇದ್ದಾರೆಯೇ ಎಂದು ಕೇಳಿದ. ಇದ್ದಾರೆಂಬ ಉತ್ತರ ಬಂದಿರಬೇಕು. ಡ್ರೈವರಿಗೆ ಹೊರಡಲು ಕೈಸನ್ನೆ ಮಾಡಿದ.

ಚೀಲದ ಬಾಯಿ ಬಿಗಿಯುತ್ತಿದ್ದಾರೆ. ನಾನು ಹೊರಟೆ.