ಹುಚ್ಚಮ್ಮನ ಕೈಗೆ ಚುಚ್ಚಿದ ಮೀನಿನ ಮುಳ್ಳು

ಲಕ್ಕವಳ್ಳಿ ಡ್ಯಾಮಿನ ಹಿನ್ನೀರಲ್ಲಿ ಬಲೆ ಬಿಡೋ ಮನೆಗಳ ಹೆಂಗಸರಿಗೆ ಕೈಗೆ ಮುಳ್ಳು ಚುಚ್ಚೋದು ದಿನಾ ಇದ್ದದ್ದೇ. ಹುಚ್ಚಮ್ಮನಿಗೂ ಚುಚ್ಚಿತು. ತರೀಕೆರೆಗೆ ಮಾರಲು ಒಯ್ಯೋ ಮೀನು ಹಸನು ಮಾಡ್ತಿದ್ದಾಗ ಜಿಲೇಬಿ ಮೀನಿನ ಬೆನ್ನುಮುಳ್ಳು ಬಲಗೈ ತೋರುಬೆರಳಿಗೆ ಇಳಿಯಿತು. ಸೆರಗಲ್ಲಿ ರಕ್ತ ಒರೆಸಿಕೊಂಡು ಬಸ್ಸು ಹತ್ತಿದಳು.

ಮೂರನೇ ದಿನ ಬೆರಳು ಬಾಳೆಕಾಯಿ ಥರ ಊದಿತ್ತು. ಗಂಡ ಮುದ್ದಪ್ಪ ಸುಣ್ಣ, ಅರಿಶಿನ ಕಲಸಿ ಮೆತ್ತಿದ.

ಪಕ್ಕದ ಮನೆಯ ಆಶಾ ಕಾರ್ಯಕರ್ತೆ ಸುಮನಾ ನೋಡಿ ಗಾಬರಿಯಾದಳು. “ಅಕ್ಕಾ, ಮೊದಲು ಆ ಸುಣ್ಣ ತೊಳ್ಕಳಿ. ನಡೀರಿ ಆಸ್ಪತ್ರೆಗೆ. ಶುಗರ್ ಯಾವತ್ತಾದ್ರೂ ಟೆಸ್ಟ್ ಮಾಡಿಸಿದ್ದೀರಾ?”

“ಶುಗರ್ರು ಕೂತು ಉಣ್ಣೋರಿಗೆ ಕಣವ್ವ. ನಾನು ದಿನಾ ತೆಪ್ಪಕ್ಕೆ ಹುಟ್ಟು ಹಾಕೋಳು.”

“ಅದು ಯಾರಿಗಾದ್ರೂ ಬರುತ್ತೆ. ಇದ್ರೆ ಸಣ್ಣ ಗಾಯಾನೂ ಬೇಗ ಮಾಯಲ್ಲ. ಒಬ್ಬೊಬ್ಬರಿಗೆ ನೋವೂ ಗೊತ್ತಾಗಲ್ಲ.”

“ನಂಗೆ ಅಂಥಾ ನೋವೇನಿಲ್ಲ. ಯುಗಾದಿ ಹೊಸತೊಡಕಿನ ವ್ಯಾಪಾರ ಮುಗೀಲಿ, ಬತ್ತೀನಿ.”

ಮಾರನೇ ದಿನ ಸುಮನಾ ಮತ್ತೆ ಬಂದಳು. ಹುಚ್ಚಮ್ಮ ರೇಗಿದಳು. “ನಿಂಗೆ ಬೇರೆ ಕೆಲಸ ಇಲ್ವೇನೇ?” ಸುಮನಾ ಮುಖ ಚಿಕ್ಕದು ಮಾಡಿಕೊಂಡು ಹೋದಳು.

ಹೊಸತೊಡಕು ಕಳೆಯಿತು. ಬೆರಳು ಕಪ್ಪಾಯಿತು, ಜ್ವರ ಏರಿತು. ಆಸ್ಪತ್ರೆಯಲ್ಲಿ ನೋಡಿದರೆ ಶುಗರ್ ನಾನೂರು ದಾಟಿತ್ತು. “ಮೊದಲೇ ಬಂದಿದ್ರೆ ಬೆರಳು ಉಳೀತಿತ್ತೇನೋ ಅಮ್ಮಾ,” ಅಂದರು ಡಾಕ್ಟರು. ತೋರುಬೆರಳು, ಅದರ ಪಕ್ಕದ್ದು, ಎರಡನ್ನೂ ತೆಗೆದರು.

ಬಲೆ ಹರಿದರೆ ಕೇರಿಯವರೆಲ್ಲ ಹುಚ್ಚಮ್ಮನ ಹತ್ತಿರ ತರುತ್ತಿದ್ದರು. ಅವಳು ಹಾಕಿದ ಗಂಟು ಬಿಚ್ಚಿದ್ದೇ ಇಲ್ಲ. ಗಾಯ ಮಾದ ಮೇಲೆ ಒಂದು ದಿನ ಬಲೆ ತೊಡೆ ಮೇಲೆ ಹಾಕಿಕೊಂಡು ನೂಲು ಹಿಡಿದಳು. ಜಾರಿತು. ಮತ್ತೆ ಹಿಡಿದಳು, ಮತ್ತೆ ಜಾರಿತು. ಬಲೆ ಮಡಚಿ ಸೊಸೆ ಭೂಮಿಕಾಳ ಕೈಗೆ ಕೊಟ್ಟುಬಿಟ್ಟಳು.

“ಸುಣ್ಣ ಮೆತ್ತಿದೋನು ನಾನೇ ಕಣೇ,” ಅಂದ ಮುದ್ದಪ್ಪ, ತಲೆ ಎತ್ತದೆ.

“ಹೇಳೋಕೆ ಬಂದೋಳನ್ನ ಬೈದು ಕಳಿಸಿದೋಳು ನಾನು,” ಅಂದಳು ಹುಚ್ಚಮ್ಮ.

ಬೆಳಗಾಗುತ್ತಲೇ ಗಂಡ, ಸೊಸೆ ಇಬ್ಬರನ್ನೂ ಕರೆದುಕೊಂಡು ಸುಮನಾಳ ಬಾಗಿಲಿಗೆ ಹೋದಳು. “ತಪ್ಪಾಯ್ತು ಕಣವ್ವ. ಇವರಿಬ್ಬರಿಗೂ ಟೆಸ್ಟ್ ಮಾಡ್ಸು.” ಮುದ್ದಪ್ಪನಿಗೂ ಶುಗರ್ ಇತ್ತು. ಅವನೀಗ ಒಂದು ದಿನವೂ ಮಾತ್ರೆ ತಪ್ಪಿಸುವುದಿಲ್ಲ.

ಅಕ್ಕ ತಂಗಿಯರೇ, ಮುಳ್ಳು ಚುಚ್ಚಲಿ, ಕತ್ತಿ ತಾಗಲಿ, ಆಗಲೇ ಸೋಪು ಹಚ್ಚಿ ಶುದ್ಧ ನೀರಲ್ಲಿ ತೊಳೆಯಿರಿ. ಸುಣ್ಣ, ಮಣ್ಣು ಮೆತ್ತಬೇಡಿ. ಅದೇ ದಿನ ಆಸ್ಪತ್ರೆಗೆ ಹೋಗಿ ತೋರಿಸಿ, ಟಿಟಿ ಚುಚ್ಚುಮದ್ದು ಬೇಕೇ ಅಂತ ಕೇಳಿ. ಮೂವತ್ತು ದಾಟಿದವರು ವರ್ಷಕ್ಕೊಮ್ಮೆ ಶುಗರ್ ಪರೀಕ್ಷೆ ಮಾಡಿಸಿ. ದುಡಿದು ಮನೆಗೆಲ್ಲ ಉಣ್ಣಲು ಇಡುವ ಕೈ ನಿಮ್ಮದು. ಆ ಕೈಗಾಗಿ ಒಂದು ದಿನ ಬಿಡುವು ಮಾಡಿಕೊಳ್ಳಿ.