ದುಗ್ಗಮ್ಮನ ನ್ಯಾಯಾಂಗ ನಿಂದನೆ

"ಚಪ್ಪಲಿ ಅಲ್ಲೇ ಬಿಡು. ನೀನೂ ಅಲ್ಲೇ ನಿಲ್ಲು. ನಿನ್ನಂಥೋಳಿಗೆ ಆರ್‌ಸಿಸಿ ಮನೆ ಬೇರೆ ಕೇಡು!"

ಕೊಪ್ಪದ ಗೃಹಸಾಲ ಸೊಸೈಟಿಯ ಕಾರ್ಯದರ್ಶಿ ಗಣಪಯ್ಯನ ಈ ಸ್ವಾಗತಕ್ಕೆ ದುಗ್ಗಮ್ಮ ಹೊಸ್ತಿಲಾಚೆಯೇ ನಿಂತಳು. ಶೃಂಗೇರಿಯ ಲಾಡ್ಜೊಂದರಲ್ಲಿ ಯಾತ್ರಿಕರ ಹೊದಿಕೆ ಒಗೆಯುವವಳು ಅವಳು. ಪುಣ್ಯ ಕಟ್ಟಿಕೊಂಡು ಹೋದವರು ಬಿಟ್ಟುಹೋದ ಕೊಳೆಯಷ್ಟೂ ಅವಳ ಪಾಲು. ಒಳಗೆ ಕುರ್ಚಿಯಲ್ಲಿ ಅವಳದೇ ವಕೀಲ ವೀರೇಶ್ ಕಾಫಿ ಕುಡಿಯುತ್ತಿದ್ದ. ಗಣಪಯ್ಯ ತರಿಸಿಕೊಟ್ಟ ಕಾಫಿ.

"ನಿನ್ ಮೇಲೆ ಹೈಕೋರ್ಟಲ್ಲಿ ನ್ಯಾಯಾಂಗ ನಿಂದನೆ ಹಾಕಿದಾರೆ ಮಾರಾಯ್ತಿ," ಎಂದ ವೀರೇಶ್.

"ನಿಂದ್ನೆ ಅಂದ್ರೆ ಬೈಯೋದಲ್ಲನಾ? ನಾನ್ ಬೈದಿದ್ದು ಈ ಗಣಪಯ್ನೋರಿಗೆ. ಕೋರ್ಟಿಗೆ ಎಂತಕ್ಕೆ ಸಿಟ್ಟು?"

ವೀರೇಶನಿಗೆ ಕಾಫಿ ನೆತ್ತಿಗೇರಿತು.

ಅವಳ ಮನೆ ಸಾಲಕ್ಕೆ ಸೊಸೈಟಿ ಹಾಕಿದ ಬಡ್ಡಿಯ ಜಗಳ ಹೋದ ವರ್ಷ ಹೈಕೋರ್ಟಿನಲ್ಲಿ ರಾಜಿಯಾಗಿತ್ತು. ತಿಂಗಳ ಕಂತು ತಪ್ಪಬಾರದು, ತಪ್ಪಿದರೆ ಮನೆ ಬಿಡಬೇಕು ಎಂಬ ಒಪ್ಪಂದಕ್ಕೆ ಅವಳು ಹೆಬ್ಬೆಟ್ಟು ಒತ್ತಿದ್ದಳು. ಕಟ್ಟುತ್ತಲೂ ಬಂದಳು. ಆದರೆ ಮನೆಯ ಮುಂದೆ ಹೊಸ ರಸ್ತೆ ಬಂದು ಜಾಗಕ್ಕೆ ಬೆಲೆ ಏರಿದ್ದೇ ತಡ, ಸೊಸೈಟಿಯ ಕಂಪ್ಯೂಟರಿಗೆ ಅವಳನ್ನು ಕಂಡರಾಗದಾಯಿತು. ಹಣ ಹಿಡಿದು ಹೋದರೆ ಒಂದು ದಿನ ಸರ್ವರ್ ಇಲ್ಲ, ಮರುದಿನ ಕರೆಂಟಿಲ್ಲ, ಅದರ ಮರುದಿನ ಗಣಪಯ್ಯನೇ ಇಲ್ಲ. ಗಡುವು ಮುಗಿದ ದಿನ ಮಾತ್ರ ಗಣಪಯ್ಯ, ಜೀಪು, ಬೀಗ ಎಲ್ಲವೂ ಒಟ್ಟಿಗೇ ಅವಳ ಅಂಗಳಕ್ಕೆ ಬಂದವು. ಸಂಜೆ ಕೆಲಸದಿಂದ ಬಂದ ದುಗ್ಗಮ್ಮ ಕಲ್ಲೆತ್ತಿ ಬೀಗ ಒಡೆದಳು, ಒಳಗೆ ಹೋಗಿ ಗಂಜಿ ಬೇಯಿಸಿಕೊಂಡಳು. ನ್ಯಾಯಾಂಗದ ಮಾನ ಹೋದದ್ದು ಅಲ್ಲಿ.

"ಬೇಕಂತ್ಲೇ ಕೋರ್ಟಿನ್ ಮಾತು ಮೀರ್ದೆ, ತಪ್ಪಾಯ್ತು, ಮನೆ ಬಿಡ್ತೀನಿ ಅಂತ ಬರ್ದಿದೆ. ಹೆಬ್ಬೆಟ್ಟು ಒತ್ತು," ಗಣಪಯ್ಯ ಹೊಸ್ತಿಲತ್ತ ಕಾಗದ ತಳ್ಳಿದ. "ಇಲ್ದಿದ್ರೆ ಜೈಲು."

"ದುಡ್ಡು ತಂದಾಗ ಸರ್ವರ್ ಇಲ್ಲ ಅಂದೋರ ಹೆಬ್ಬೆಟ್ಟು ಎಲ್ಲೈತೆ ಇದ್ರಾಗೆ?"

"ದುಡ್ಡು ತಂದಿದ್ದೆ ಅನ್ನೋದಕ್ಕೆ ಸಾಕ್ಷಿ?" ಕೇಳಿದವನು ವೀರೇಶ್.

ದುಗ್ಗಮ್ಮ ಅವನನ್ನೇ ನೋಡಿದಳು. ಅವನು ಲೋಟದ ತಳ ನೋಡಿದ.

"ಥೂ ನಿಮ್ಮ, ಬೋಳಿಮಕ್ಳಾ! ಬೆಂಗ್ಳೂರಿಗೆ ನಾನೇ ಹೋಗ್ತೀನಿ. ಜಡ್ಜಿನ ಎದ್ರಿಗೇ ಹೇಳ್ತೀನಿ."

"ಹೋಗೇ, ಹೋಗು. ನಾಳೆ ಬೆಳಿಗ್ಗೆ ನಿನ್ ಬಾಗ್ಲಿಗೆ ಇನ್ನೂ ದೊಡ್ಡ ಬೀಗ ಬೀಳ್ತದೆ," ಎಂದ ಗಣಪಯ್ಯ.

ಮನೆಗೆ ಬಂದವಳೇ ಪಕ್ಕದ ಮನೆಯ ಬಡಗಿ ಮಂಜಯ್ಯನನ್ನು ಕೂಗಿದಳು. "ಅಣ್ಣಾ, ನಿನ್ನ ಉಳಿ ಸುತ್ತಿಗೆ ತಗಂಡ್ ಬಾ."

ಮರುದಿನ ಬೀಗ ಹಿಡಿದು ಹೊರಡಲು ಸೊಸೈಟಿಗೆ ಬಂದ ಗಣಪಯ್ಯನಿಗೆ ಮೆಟ್ಟಿಲು ಹತ್ತಲು ದಾರಿಯಿರಲಿಲ್ಲ. ದುಗ್ಗಮ್ಮನ ಮನೆಯ ಬಾಗಿಲು, ಚೌಕಟ್ಟಿನ ಸಮೇತ, ಅಲ್ಲಿ ಅಡ್ಡ ಬಿದ್ದಿತ್ತು. ಗೂಡ್ಸ್ ಆಟೋದ ಪಕ್ಕದಲ್ಲಿ ಅವಳು ನಿಂತಿದ್ದಳು.

"ತಗಳ್ಳಿ, ನಿಮ್ ಬೀಗ ಇದ್ಕೇ ಜಡ್ಕಳಿ. ನನ್ ಮನೆಗೆ ಇನ್ ಬಾಗ್ಲಿಲ್ಲ. ಪೊಲೀಸ್ರು ಬಂದ್ರೆ ಬಡಿಯೋ ಕೆಲ್ಸನೂ ಇಲ್ಲ, ಸೀದಾ ಒಳಗೇ ಬರ್ಲಿ."

ಹೇಳಿ, ಎಂದಿನಂತೆ ಕೆಲಸಕ್ಕೆ ಶೃಂಗೇರಿ ಬಸ್ಸಿಗೆ ನಡೆದಳು.

ಗಣಪಯ್ಯ ಪಂಚೆ ಎತ್ತಿಕಟ್ಟಿ ಬಾಗಿಲು ಸರಿಸಲು ನೋಡಿದ. ಹಲಸಿನ ಮರದ್ದು, ಜಗ್ಗಲಿಲ್ಲ. ಸುತ್ತ ಆಗಲೇ ಹತ್ತಾರು ಜನ ಸೇರಿದ್ದರು. ಯಾರೂ ಕೈಹಚ್ಚಲಿಲ್ಲ.